ತಲೆಯಷ್ಟೇ ಇರುವ ಗ್ರಹ

ಆಕಾಶದಲ್ಲಿ ಒಂದು ಗ್ರಹವುಂಟು. ಅದಕ್ಕೆ ತಲೆ ಮಾತ್ರ, ದೇಹವಿಲ್ಲ. ತೂಕವಿಲ್ಲ, ಬೆಳಕಿಲ್ಲ, ಬಣ್ಣ ಮಾತ್ರ ಕಪ್ಪೆಂದು ಹೇಳುತ್ತಾರೆ. ಉಳಿದ ಗ್ರಹಗಳು ಒಮ್ಮೊಮ್ಮೆ ವಕ್ರಿಸಿದರೂ ಒಟ್ಟಿನಲ್ಲಿ ಮುಂದಿನ ರಾಶಿಗೆ ನಡೆದರೆ ಇದು ಸದಾ ಹಿಂದಿನ ರಾಶಿಗೆ ನಡೆಯುತ್ತದೆ. ಇದರ ದೇಹವೆನಿಸಿಕೊಂಡ ಇನ್ನೊಂದು ಗ್ರಹ, ಜಗಳವಾಡಿದ ಅಣ್ಣತಮ್ಮಂದಿರ ಹಾಗೆ, ಯಾವಾಗಲೂ 180 ಡಿಗ್ರಿ ಎದುರಿಗೇ ನಿಂತಿರುತ್ತದೆ. ಒಂದು ಡಿಗ್ರಿ ಹೆಚ್ಚಿಲ್ಲ, ಒಂದು ಡಿಗ್ರಿ ಕಡಮೆಯಿಲ್ಲ. ನ್ಯೂಟನ್ ಮಹಾಶಯನ ಯಾವ ನಿಯಮಕ್ಕೂ ಈ ಜೋಡಿ ತಲೆಬಾಗಿದ್ದಿಲ್ಲ. ದೂರದರ್ಶಕ ಹುಟ್ಟಿ ನಾಲ್ಕು ಶತಮಾನ ಕಳೆದರೂ ಯಾವ ದರ್ಶಕಕ್ಕೂ ಇವು ಸಿಕ್ಕಿಲ್ಲ. ಆದರೂ ನಮ್ಮ ಮಂಡ್ಯ, ಮದ್ದೂರು, ಮಳವಳ್ಳಿಗಳ ಜನರ ಮೇಲೆ ರಾಹುವಿನ ಆಕರ್ಷಣೆ ಗುರುಗ್ರಹಕ್ಕಿಂತ ಹೆಚ್ಚು. (ಗುರುಗಳಿಗಿಂತಲೂ ಹೆಚ್ಚು ಎಂದರೆ ಅಧ್ಯಾಪಕರು ಕ್ಷಮಿಸಬೇಕು.)

ಈ ಮಾತು ಉತ್ಪ್ರೇಕ್ಷೆಯಲ್ಲ. ದಿನಕ್ಕೆ ಒಂದೂವರೆ ಗಂಟೆ ರಾಹುಕಾಲ. ವರ್ಷಕ್ಕೆ ಲೆಕ್ಕ ಹಾಕಿದರೆ 547 ಗಂಟೆಗಳಾಗುತ್ತವೆ. ಸುಮಾರು 23 ಹಗಲು ರಾತ್ರಿ. ಕಣ್ಣಿಗೆ ಕಾಣದ ಒಂದು ಗ್ರಹಕ್ಕೆ ನಾವು ಪ್ರತಿ ವರ್ಷ ಹೆಚ್ಚು ಕಡಮೆ ಒಂದು ತಿಂಗಳನ್ನು ಗುತ್ತಿಗೆ ಕೊಟ್ಟಿದ್ದೇವೆ. ಮಳವಳ್ಳಿಯ ಬಸ್ಸು ಮದ್ದೂರಿಗೆ ಬಂದು ಮಂಡ್ಯದ ಕಡೆಗೆ ತಿರುಗುವ ಹೊತ್ತಿಗೆ ಸೋಮವಾರ ಬೆಳಗಿನ ಏಳೂವರೆ ದಾಟಿರುತ್ತದೆ; ಬಸ್ಸಿನ ತುಂಬ ರಾಹುಕಾಲದಲ್ಲಿ ಯಾವ ಶುಭಕಾರ್ಯಕ್ಕೂ ಹೊರಡಬಾರದೆಂಬ ಜನ! ಗುರುವಾರ ಮಧ್ಯಾಹ್ನ ಎರಡು ಗಂಟೆಗೆ ನಮ್ಮ ಪರೀಕ್ಷೆ ಆರಂಭವಾದರೆ ಅದು ರಾಹುಕಾಲದ ನಡುಮಧ್ಯ. ಆ ದಿನ ನಪಾಸಾದವರಿಗೆ ಒಂದು ಕಾರಣ ಸಿದ್ಧವಾಗಿರುತ್ತದೆ. ಪಾಸಾದವರು ಮಾತ್ರ ರಾಹುವಿನ ಹೆಸರೆತ್ತುವುದಿಲ್ಲ. ನವಗ್ರಹ ದಾನದಲ್ಲಿ ರಾಹುವಿಗೆ ಉದ್ದು, ಕೇತುವಿಗೆ ಹುರುಳಿ. ಮದ್ದೂರು ವಡೆಗೆ ಉದ್ದು ಬೀಳುವುದಿಲ್ಲವಾದ್ದರಿಂದ ಅದರಲ್ಲಿ ರಾಹುವಿಗೆ ಪಾಲಿಲ್ಲವೆಂಬುದು ನನಗೆ ಸಮಾಧಾನದ ಸಂಗತಿ. ಹುರುಳಿಕಾಳಿನ ಸಾರನ್ನು ಬಿಟ್ಟುಕೊಡುವುದು ಮಾತ್ರ ಯಾವ ಮಂಡ್ಯದವನಿಂದಲೂ ಆಗದು.

ಭಾಷೆಯೊಳಗೂ ಈತ ಹೊಕ್ಕು ಕುಳಿತಿದ್ದಾನೆ. ಮಂಕಾಗಿ ನಿಂತವನನ್ನು ‘ಗರ ಬಡಿದವನು’ ಎನ್ನುತ್ತೇವೆ. ಆ ‘ಗರ’ ಸಂಸ್ಕೃತದ ಗ್ರಹವೇ. ಹಳ್ಳಿಯಲ್ಲಿ ರಾಹು ‘ರಾವು’ ಆಗಿದ್ದಾನೆ, ಗ್ರಹಣ ‘ಗ್ರಾಣ’ವಾಗಿದೆ. ಇತಿಹಾಸದ ವಿದ್ಯಾರ್ಥಿಗಳಾದ ನಾವು ಈತನಿಗೆ ಸ್ವಲ್ಪ ಋಣಿಗಳೂ ಹೌದು. ರಾಜರೂ ಗೌಡರೂ ಗ್ರಹಣದ ಪುಣ್ಯಕಾಲದಲ್ಲಿ ಭೂದಾನ ಮಾಡಿ ಅದನ್ನು ಶಾಸನದಲ್ಲಿ ಬರೆಸಿದರು. ಗ್ರಹಣ ಯಾವ ದಿನ ಆಯಿತೆಂಬುದನ್ನು ಇಂದೂ ಹಿಂದಕ್ಕೆ ಗಣಿಸಬಹುದಾದ್ದರಿಂದ ಎಷ್ಟೋ ಶಾಸನಗಳ ಕಾಲ ನಿರ್ಣಯಕ್ಕೆ ಅದು ಸಾಕ್ಷಿಯಾಗಿ ಒದಗುತ್ತದೆ. ಲೂಯಿ ರೈಸ್ ಸಾಹೇಬರು 1894ರಲ್ಲಿ ಹೊರತಂದ ಎಪಿಗ್ರಾಫಿಯ ಕರ್ನಾಟಿಕದ 3ನೆಯ ಸಂಪುಟದಲ್ಲಿ ನಮ್ಮ ಮಂಡ್ಯ ಮಳವಳ್ಳಿ ತಾಲ್ಲೂಕುಗಳ ಶಾಸನಗಳಿವೆ. ಸಮಯವಿದ್ದವರು ತೆಗೆದು ನೋಡಬಹುದು.

ಹಾಗಾದರೆ ರಾಹು ಎಂದರೆ ಏನು? ನಮ್ಮ ಹಿರಿಯರಿಗೆ ಇದು ತಿಳಿಯದ ವಿಷಯವಾಗಿರಲಿಲ್ಲ. ಆರ್ಯಭಟನು 499ರಲ್ಲಿ, ತನ್ನ 23ನೆಯ ವಯಸ್ಸಿನಲ್ಲಿ, ಸೂರ್ಯನನ್ನು ಮರೆಮಾಡುವುದು ಚಂದ್ರ, ಚಂದ್ರನನ್ನು ಮರೆಮಾಡುವುದು ಭೂಮಿಯ ನೆರಳು ಎಂದು ಸ್ಪಷ್ಟವಾಗಿ ಬರೆದಿಟ್ಟನು. ಜ್ಯೋತಿಷಿಗಳು ತಲೆಯ ಮೇಲೆ ಹೊತ್ತು ಮೆರೆಸುವ ವರಾಹಮಿಹಿರನೇ ತನ್ನ ಬೃಹತ್ಸಂಹಿತೆಯಲ್ಲಿ ಗ್ರಹಣಕ್ಕೆ ರಾಹು ಕಾರಣನಲ್ಲ, ನೆರಳು ಕಾರಣ ಎಂದು ವಾದಿಸಿದ್ದಾನೆ. ಆಮೇಲೆ ಬಂದ ಬ್ರಹ್ಮಗುಪ್ತನ ಪಾಡು ಸ್ವಾರಸ್ಯವಾದದ್ದು. ಆತ ರಾಹುವನ್ನು ಅಲ್ಲಗಳೆಯಬಾರದು, ಅದು ಶಾಸ್ತ್ರಕ್ಕೆ ವಿರುದ್ಧ ಎಂದು ಉಳಿದವರನ್ನು ಗದರಿಸಿದ; ತಾನು ಗಣಿತಕ್ಕೆ ಕುಳಿತಾಗ ಮಾತ್ರ ಭೂಮಿಯ ನೆರಳಿನ ಅಗಲವನ್ನೇ ಅಳೆದ. ಮನೆಯೊಳಗೆ ಲೆಕ್ಕ ನೆರಳಿನದು, ಬೀದಿಯಲ್ಲಿ ಮಾತು ರಾಹುವಿನದು. ಈ ಪದ್ಧತಿ ಬ್ರಹ್ಮಗುಪ್ತನೊಂದಿಗೆ ಮುಗಿಯಿತೆಂದು ಯಾರೂ ಭಾವಿಸಬಾರದು. ನಮ್ಮ ಪಂಚಾಂಗಗಳು ಗ್ರಹಣದ ಸ್ಪರ್ಶ ಮೋಕ್ಷಗಳನ್ನು ನಿಮಿಷದ ಲೆಕ್ಕದಲ್ಲಿ ಅಚ್ಚುಹಾಕುತ್ತವೆ. ನುಂಗುವ ರಾಕ್ಷಸನೊಬ್ಬನಿದ್ದರೆ ಅವನಿಗೆ ಯಾವಾಗ ಹಸಿವಾಗುವುದೆಂದು ಒಂದು ವರ್ಷ ಮುಂಚೆ ಹೇಳಲು ಯಾರಿಗೆ ಸಾಧ್ಯ?

ನಮ್ಮದು ಕಲಾ ಕಾಲೇಜು. ನನ್ನ ಕೈಗೆ ಯಾವ ಯಂತ್ರವೂ ಇರಲಿಲ್ಲ. ಅಕ್ಕನ ಕೈಬಳೆ ಎರಡನ್ನು ಇಸಿದುಕೊಂಡೆ. ಸೀಮಂತದಲ್ಲಿ ತೊಡಿಸಿದ ಹಸಿರು ಗಾಜಿನ ಬಳೆಗಳು, ಒಂದು ಸ್ವಲ್ಪ ದೊಡ್ಡದು, ಒಂದು ಸಣ್ಣದು. ದೊಡ್ಡದು ಆಕಾಶದಲ್ಲಿ ಸೂರ್ಯ ನಡೆಯುವ ದಾರಿ, ಸಣ್ಣದು ಚಂದ್ರನ ದಾರಿ. ಸಣ್ಣದನ್ನು ದೊಡ್ಡದರೊಳಗೆ ಕೊಂಚ ಓರೆಯಾಗಿ ಇಟ್ಟರೆ ಎರಡೂ ಎದುರುಬದುರಾಗಿ ಎರಡು ಕಡೆ ಮಾತ್ರ ಮುಟ್ಟುತ್ತವೆ. ಆ ಎರಡು ಸ್ಥಳಗಳೇ ರಾಹು ಮತ್ತು ಕೇತು. ನಿಜವಾದ ಓರೆ ಐದು ಡಿಗ್ರಿಗಿಂತ ತುಸು ಹೆಚ್ಚು. ಆ ಓರೆಯಿಲ್ಲದಿದ್ದರೆ ಪ್ರತಿ ಅಮಾವಾಸ್ಯೆಗೊಂದು, ಪ್ರತಿ ಹುಣ್ಣಿಮೆಗೊಂದು ಗ್ರಹಣವಾಗುತ್ತಿತ್ತು. ಓರೆಯಿರುವುದರಿಂದ ಅಮಾವಾಸ್ಯೆ ಹುಣ್ಣಿಮೆಗಳು ಆ ಕೂಡುಸ್ಥಳದ ಬಳಿ ಬಂದಾಗ ಮಾತ್ರ ಗ್ರಹಣ. ರೈಲ್ವೆ ಗೇಟಿನಲ್ಲಿ ರೈಲು ರಸ್ತೆಯನ್ನು ದಾಟುತ್ತದೆ. ಆದರೆ ಗೇಟು ತಾನಾಗಿ ಯಾರನ್ನೂ ನುಂಗುವುದಿಲ್ಲವಷ್ಟೆ. ಚಂದ್ರನ ದಾರಿಯನ್ನು ಸೂರ್ಯನು ಎಳೆಯುವುದರಿಂದ ಈ ಕೂಡುಸ್ಥಳಗಳು ಮೆಲ್ಲಮೆಲ್ಲನೆ ಹಿಂದಕ್ಕೆ ಸರಿದು 18 ವರ್ಷ 7 ತಿಂಗಳಿಗೆ ಒಂದು ಸುತ್ತು ಮುಗಿಸುತ್ತವೆ. ರಾಹು ಏಕೆ ಹಿಂದಕ್ಕೆ ನಡೆಯುತ್ತಾನೆ, ಕೇತು ಏಕೆ ಸದಾ ಎದುರಿಗೇ ಇರುತ್ತಾನೆ, ತಲೆಗೆ ದೇಹವೇಕಿಲ್ಲ ಎಂಬ ಎಲ್ಲ ರಹಸ್ಯವೂ ಎರಡು ಗಾಜಿನ ಬಳೆಗಳಲ್ಲಿ ಮುಗಿದುಹೋಗುತ್ತದೆ.

ಅಜ್ಜಿ ಎಲ್ಲವನ್ನೂ ಕಣ್ಣಿಟ್ಟು ನೋಡಿದಳು. ನೋಡಿ, “ಬಳೆ ಒಡ್ದಾಕ್ಬುಟ್ಟೀಯ, ಮಡುಗ್ಲಾ ಅತ್ತಗೆ” ಎಂದಳು.

ಇದು ನಡೆದದ್ದು ಮಳವಳ್ಳಿ ತಾಲ್ಲೂಕಿನ ನಮ್ಮ ಹಳ್ಳಿಯಲ್ಲಿ, 2025ರ ಸೆಪ್ಟೆಂಬರ್ ಮೊದಲ ವಾರದಲ್ಲಿ. ಆ ತಿಂಗಳ 7ನೆಯ ತಾರೀಖು ಭಾನುವಾರ ರಾತ್ರಿ ಪೂರ್ಣ ಚಂದ್ರಗ್ರಹಣವಿತ್ತು. ಸ್ಪರ್ಶ 9 ಗಂಟೆ 57 ನಿಮಿಷ, ಮೋಕ್ಷ 1 ಗಂಟೆ 26 ನಿಮಿಷ. ವೇಧಕಾಲ ಒಂಬತ್ತು ಗಂಟೆ ಮೊದಲೇ ಹಿಡಿಯುತ್ತದೆಂಬ ಲೆಕ್ಕದಲ್ಲಿ ಮಧ್ಯಾಹ್ನ ಒಂದರಿಂದ ಅಕ್ಕ ಏನೂ ತಿನ್ನಬಾರದು, ನೀರೂ ಕುಡಿಯಬಾರದು, ಕತ್ತಲ ಕೋಣೆಯಿಂದ ಹೊರಗೆ ಬರಬಾರದು ಎಂದು ಅಜ್ಜಿ ಕಟ್ಟಪ್ಪಣೆ ಮಾಡಿದ್ದಳು. ಹನ್ನೆರಡು ಗಂಟೆಗೂ ಮೀರಿದ ಉಪವಾಸ. ಅಕ್ಕನಿಗೆ ಆಗ ಏಳು ತುಂಬಿತ್ತು; ರಕ್ತ ಕಡಮೆಯಿದೆ, ಹೊಟ್ಟೆ ಖಾಲಿ ಬಿಡಕೂಡದು, ಆಗಾಗ ಸ್ವಲ್ಪ ಸ್ವಲ್ಪ ತಿನ್ನುತ್ತಿರಬೇಕು ಎಂದು ಆಸ್ಪತ್ರೆಯಲ್ಲಿ ಹೇಳಿ ಕಳಿಸಿದ್ದರು. ಒಮ್ಮೆ ತಲೆಸುತ್ತು ಬಂದು ನೀರಮನೆಯಲ್ಲಿ ಕುಸಿದೂ ಇದ್ದಳು.

ಇಂಥ ಕಡೆ ನಗೆಯಾಡಿ ಪ್ರಯೋಜನವಿಲ್ಲ. 2019ರ ಡಿಸೆಂಬರ್ 26ರ ಸೂರ್ಯಗ್ರಹಣದ ದಿನ ಕೊಡಗಿನ ಕುಟ್ಟದಲ್ಲಿ ಜನ ಬೆಳಕಿನ ಉಂಗುರವನ್ನು ನೋಡಲು ನೆರೆದಿದ್ದರು. ಅದೇ ದಿನ ಕಲಬುರಗಿ ಜಿಲ್ಲೆಯ ಒಂದು ಹಳ್ಳಿಯಲ್ಲಿ ಅಂಗವಿಕಲ ಮಕ್ಕಳನ್ನು, ಗ್ರಹಣ ಕಾಲದಲ್ಲಿ ಹೂತರೆ ವಾಸಿಯಾಗುವುದೆಂದು, ಕುತ್ತಿಗೆಯವರೆಗೆ ಮಣ್ಣಿನಲ್ಲಿ ಹೂತಿದ್ದರು. ಪತ್ರಿಕೆಯಲ್ಲಿ ಆ ಚಿತ್ರವನ್ನು ನೋಡಿದವರು ಮರೆತಿರಲಾರರು. ಆ ಮಕ್ಕಳ ತಂದೆತಾಯಿಗಳು ಕ್ರೂರಿಗಳೆಂದು ನಾನು ನಂಬುವುದಿಲ್ಲ. ಎಲ್ಲ ಬಾಗಿಲನ್ನೂ ತಟ್ಟಿ ಬಂದವರು ಕೊನೆಗೆ ತಟ್ಟುವ ಬಾಗಿಲು ಅದು.

ನನ್ನ ಅಜ್ಜಿಯೂ ಸುಮ್ಮನೆ ಹಟ ಹಿಡಿದಿರಲಿಲ್ಲ. ಬಳೆಗಳನ್ನು ಅಕ್ಕನ ಕೈಗೆ ತಾನೇ ತೊಡಿಸಿ, ಅವಳು ಒಳಗೆ ಹೋದ ಮೇಲೆ, ನಾನು ಅದುವರೆಗೆ ಕೇಳದಿದ್ದ ಒಂದು ಸಂಗತಿಯನ್ನು ಹೇಳಿದಳು. 1980ನೆಯ ಇಸವಿ ಫೆಬ್ರವರಿ 16, ಶನಿವಾರ, ಮಧ್ಯಾಹ್ನ. ಆ ದಿನದ ಸೂರ್ಯಗ್ರಹಣ ಕಾರವಾರದ ಸೀಮೆಯಿಂದ ರಾಯಚೂರಿನವರೆಗೆ ಪೂರ್ಣವಾಗಿ ಕಂಡು ದೇಶವಿದೇಶದ ವಿಜ್ಞಾನಿಗಳು ಅಲ್ಲಿ ಬಂದು ಬೀಡುಬಿಟ್ಟಿದ್ದರು. ನಮ್ಮ ಕಡೆ ಪಾರ್ಶ್ವವಾಗಿ ಹಿಡಿದಿತ್ತು. ಊರೆಲ್ಲ ಬಾಗಿಲು ಹಾಕಿಕೊಂಡಿತ್ತು. ಅಜ್ಜಿಗೆ ಏಳು ತುಂಬಿ ಎಂಟಕ್ಕೆ ಬಿದ್ದಿತ್ತು. “ಹಸಕ್ಕೆ ಒಂದೆಳೆ ಮೇವಿರ್ನಿಲ್ಲ ಕಣ್ಲಾ. ಕೊಟ್ಟಿಗೇಲಿ ಒಂದೇ ಸಮ ಕೂಗೋದು. ತಡೀನಾರ್ದೆ ಕುಡ್ಲು ತಕಂಡು ಹಿತ್ತಲಿಗೆ ವೋದೆ. ಎಲ್ಡು ಹಿಡಿ ಕುಯ್ದಿದ್ದೆ, ಅಷ್ಟೆಯ.” ಏಪ್ರಿಲ್‌ನಲ್ಲಿ ಹೆಣ್ಣು ಮಗು ಹುಟ್ಟಿತು. ಮೇಲ್ದುಟಿ ಸೀಳಿತ್ತು, ಸೀಳು ಅಂಗುಳಿಗೂ ಹೋಗಿತ್ತು. ಮೊಲೆ ಚೀಪಲಾರದು. ಒಳಲೆಯಲ್ಲಿ ಹಾಕಿದ ಹಾಲು ಮೂಗಿನಲ್ಲಿ ಬರುತ್ತಿತ್ತು. 19 ದಿವಸ ಇತ್ತು. ಕುಡುಗೋಲು ಹಿಡಿದವಳು ಮಗುವಿನ ತುಟಿ ಕುಯ್ದಳೆಂದು ಅಜ್ಜಿಯ ಅತ್ತೆ ಬದುಕಿರುವವರೆಗೂ ಆಡಿದರಂತೆ. ಅತ್ತೆ ಹೋದ ಮೇಲೆ ಆ ಮಾತನ್ನು ಅಜ್ಜಿ ತಾನೇ ವಹಿಸಿಕೊಂಡಳು. 45 ವರ್ಷ!

ನಾನು ಬಳೆಗಳನ್ನು ಹಿಡಿದು ಮಾತನಾಡಿದ್ದು ಚಂದ್ರನ ವಿಷಯ. ಅಜ್ಜಿ ಹೊತ್ತಿದ್ದುದು ಬೇರೆಯ ಗ್ರಹ.

ಇಲ್ಲಿ ಸ್ವಲ್ಪ ದೂರ ಹೋಗಿ ಬರಬೇಕು. ಲೆಕ್ಕ ಹೊಂದದ ಕಡೆ ಒಂದು ಕಾಣದ ಗ್ರಹವನ್ನು ನಿಲ್ಲಿಸುವುದು ಹಳ್ಳಿಯವರ ಅಭ್ಯಾಸ ಮಾತ್ರವಲ್ಲ. ಫ್ರಾನ್ಸಿನ ಲೆವೆರಿಯೆ ಎಂಬ ಮಹಾ ಗಣಿತಜ್ಞನಿದ್ದನು. ಯುರೇನಸ್ ಗ್ರಹದ ನಡಿಗೆ ಗಣಿತಕ್ಕೆ ಹೊಂದುತ್ತಿಲ್ಲವೆಂದು ಕಂಡಾಗ ಅದನ್ನು ಆಚೆಯಿಂದ ಎಳೆಯುವ ಗ್ರಹವೊಂದಿರಬೇಕೆಂದು ಆತ ಲೆಕ್ಕ ಹಾಕಿದ. 1846ರಲ್ಲಿ ಅವನು ಹೇಳಿದ ಸ್ಥಳದ ಹತ್ತಿರವೇ ನೆಪ್ಚೂನ್ ಸಿಕ್ಕಿತು. ಜಗತ್ತು ಬೆರಗಾಯಿತು. ಆಮೇಲೆ ಬುಧಗ್ರಹದಲ್ಲಿ ಒಂದು ಸಣ್ಣ ಹೊಂದದಿಕೆ ಕಾಣಿಸಿತು. ಅದರ ದೀರ್ಘವೃತ್ತದ ದಾರಿ ನ್ಯೂಟನ್ನನ ಲೆಕ್ಕಕ್ಕಿಂತ ತುಸು ಹೆಚ್ಚಾಗಿ ತಿರುಗುತ್ತಿತ್ತು. ಎಷ್ಟು ಹೆಚ್ಚು? ಇಂದಿನ ಲೆಕ್ಕದಲ್ಲಿ ಒಂದು ಶತಮಾನಕ್ಕೆ 43 ವಿಕಲೆ. ಆ ವೇಗದಲ್ಲಿ ಒಂದು ಡಿಗ್ರಿ ಸಾಗಬೇಕಾದರೆ 8,300 ವರ್ಷಕ್ಕೂ ಮಿಕ್ಕು ಬೇಕು. ಇಷ್ಟಕ್ಕೇ ಲೆವೆರಿಯೆ 1859ರಲ್ಲಿ ಸೂರ್ಯನ ಮಗ್ಗುಲಲ್ಲಿ ಇನ್ನೊಂದು ಕಾಣದ ಗ್ರಹ ಅಥವಾ ಗ್ರಹಗಳ ಗುಂಪು ಇರಬೇಕೆಂದನು. ಅದೇ ವರ್ಷ ಹಳ್ಳಿಯ ವೈದ್ಯನೊಬ್ಬನು ಸೂರ್ಯಬಿಂಬದ ಮೇಲೆ ಕಪ್ಪು ಚುಕ್ಕೆ ಹಾದುದನ್ನು ತಾನು ಕಂಡೆನೆಂದು ಬರೆದ. ಗ್ರಹಕ್ಕೆ ವಲ್ಕನ್ ಎಂಬ ನಾಮಕರಣವೂ ಆಯಿತು. ಮಗು ಹುಟ್ಟಿರಲಿಲ್ಲ, ಅಷ್ಟೆ.

ವಲ್ಕನ್ ಗ್ರಹವನ್ನು ಹುಡುಕಲು ಒಳ್ಳೆಯ ಸಮಯ ಯಾವುದು? ಗ್ರಹಣ! ಸೂರ್ಯನ ಪ್ರಖರತೆ ಮುಚ್ಚಿದ ಕೆಲವೇ ನಿಮಿಷಗಳಲ್ಲಿ ಪಕ್ಕದಲ್ಲಿರುವುದು ಕಾಣಬೇಕು. ಅಮೆರಿಕದಲ್ಲಿ 1878ರ ಗ್ರಹಣದಂದು ಇಬ್ಬರು ಅನುಭವಿ ವೀಕ್ಷಕರು ಕಂಡೆವೆಂದೇ ಸಾರಿದರು; ಅವರು ಕೊಟ್ಟ ಸ್ಥಾನಗಳು ಒಂದಕ್ಕೊಂದು ಕೂಡಲಿಲ್ಲ. ಆ ಕಾಲದಲ್ಲಿ ನಮ್ಮ ನಾಡೂ ಗ್ರಹಣ ನೋಡುವವರ ಯಾತ್ರಾಸ್ಥಳವಾಗಿತ್ತು. 1868ರ ಆಗಸ್ಟ್ 18ರಂದು ಯುರೇನಸ್ ಕಂಡುಹಿಡಿದ ಹರ್ಷೆಲನ ಮೊಮ್ಮಗ ಲೆಫ್ಟಿನೆಂಟ್ ಜಾನ್ ಹರ್ಷೆಲ್ ಈಗಿನ ಬಾಗಲಕೋಟೆ ಜಿಲ್ಲೆಯ ಜಮಖಂಡಿಯಲ್ಲಿ ಯಂತ್ರ ಹೂಡಿಕೊಂಡು ಸೂರ್ಯನ ಅಂಚಿನ ಜ್ವಾಲೆಗಳ ವರ್ಣಪಟಲವನ್ನು ನೋಡಿದ. 1871ರ ಡಿಸೆಂಬರ್ 12ರಂದು ಲಾಕಿಯರ್ ಕಾಸರಗೋಡಿನ ಬೇಕಲ ಕೋಟೆಗೆ ಬಂದ. ಆ ಜ್ವಾಲೆಗಳಲ್ಲಿ ಕಂಡ ಹಳದಿ ಗೆರೆಯೊಂದು ಭೂಮಿಯ ಯಾವ ಧಾತುವಿಗೂ ಸೇರಿರಲಿಲ್ಲ. ಇದಕ್ಕೂ ಒಂದು ಹೆಸರು ಬಂತು, ಹೀಲಿಯಂ. ಸ್ವಾರಸ್ಯವೇನೆಂದರೆ ಈ ಹೆಸರಿನದು ನಿಜವಾಗಿತ್ತು. 1895ರಲ್ಲಿ ರ್‍ಯಾಮ್ಸೆ ಅದನ್ನು ಭೂಮಿಯ ಮೇಲೂ ಹಿಡಿದು ತೋರಿಸಿದ. ವಲ್ಕನ್ ಮಾತ್ರ ಎಂದೂ ಸಿಕ್ಕಲಿಲ್ಲ. 1915ರ ನವೆಂಬರಿನಲ್ಲಿ ಐನ್‌ಸ್ಟೈನನು ಗುರುತ್ವದ ನಿಯಮವನ್ನೇ ಹೊಸದಾಗಿ ಬರೆದಾಗ 43 ವಿಕಲೆಗಳು ತಾವಾಗಿಯೇ ಲೆಕ್ಕಕ್ಕೆ ಬಂದು ಕುಳಿತವು. ಗ್ರಹ ಬೇಕಾಗಲೇ ಇಲ್ಲ. ಅರ್ಧ ಶತಮಾನ ಗೌರವ ಪಡೆದ ವಲ್ಕನ್ನನ್ನು ಖಗೋಳಜ್ಞರು ಪುಸ್ತಕದಿಂದ ಹೊಡೆದುಹಾಕಿದರು. ಅದಕ್ಕೆ ದೇಗುಲ ಕಟ್ಟಿಸಿರಲಿಲ್ಲವಾದ್ದರಿಂದ ಕೆಲಸ ಸುಲಭವಾಯಿತೇನೋ!

ಈಗಲೂ ನಕ್ಷತ್ರಮಂಡಲಗಳ ಸುತ್ತುವಿಕೆ ಲೆಕ್ಕಕ್ಕೆ ಹೊಂದದೆ, ಕಾಣದ ಕಪ್ಪು ದ್ರವ್ಯ ಒಂದಿದೆಯೆಂದು ವಿಜ್ಞಾನಿಗಳು ಇಟ್ಟುಕೊಂಡಿದ್ದಾರೆ. ವಿಶ್ವದಲ್ಲಿ ನಮಗೆ ಪರಿಚಿತವಾದ ದ್ರವ್ಯ ನೂರಕ್ಕೆ ಐದರಷ್ಟೇ, ಆ ಕಪ್ಪು ದ್ರವ್ಯ ಅದರ ಐದು ಪಟ್ಟು ಎನ್ನುತ್ತಾರೆ. ಅದು ನೆಪ್ಚೂನೋ ವಲ್ಕನ್ನೋ ಮುಂದೆ ತಿಳಿದೀತು.

ಸೋಮವಾರ ಅಕ್ಕನನ್ನು ಆಸ್ಪತ್ರೆಗೆ ಕರೆದೊಯ್ದಾಗ ವೈದ್ಯರನ್ನು ಕೇಳಿದೆ. ಅಕ್ಕನ ವಿಷಯವನ್ನಲ್ಲ, 1980ರ ಮಗುವಿನ ವಿಷಯವನ್ನು. ಅವರು ಬಿಡುವಿಲ್ಲದ ನಡುವೆಯೂ ನಿಂತು ಹೇಳಿದರು. ಮಗುವಿನ ತುಟಿ ಎರಡು ಕಡೆಯಿಂದ ಬೆಳೆದು ಬಂದು ಕೂಡಿಕೊಳ್ಳುವುದು ಗರ್ಭದ 4ರಿಂದ 7ನೆಯ ವಾರದೊಳಗೆ. ಅಂಗುಳು ಕೂಡುವುದು 9ನೆಯ ವಾರದ ಹೊತ್ತಿಗೆ. ಅಲ್ಲಿ ಕೂಡದೆ ಉಳಿದದ್ದೇ ಸೀಳುತುಟಿ. ಎಷ್ಟೋ ಸಲ ತಾಯಿಗೆ ತಾನು ಬಸುರಿಯೆಂದು ತಿಳಿಯುವುದರೊಳಗೇ ಅದು ತೀರ್ಮಾನವಾಗಿಹೋಗಿರುತ್ತದೆ. ಜಗತ್ತಿನಲ್ಲಿ ಸುಮಾರು 700 ಮಕ್ಕಳಿಗೆ ಒಂದು ಹೀಗೆ ಹುಟ್ಟುತ್ತದೆ, ಗ್ರಹಣವೆಂದರೇನೆಂದು ಕೇಳಿಯೂ ತಿಳಿಯದ ದೇಶಗಳಲ್ಲಿಯೂ. ಈಗ ಅದಕ್ಕೆ ಶಸ್ತ್ರಚಿಕಿತ್ಸೆಯಿದೆ. ಹಾಲುಣಿಸುವ ಬೇರೆ ಕ್ರಮಗಳಿವೆ. ಅಂಥ ಮಕ್ಕಳು ಬೆಳೆದು ಶಾಲೆಗೆ ಹೋಗುತ್ತಾರೆ.

ಬಸ್ಸಿನಲ್ಲಿ ಬೆರಳೆಣಿಸಿದೆ. ಏಪ್ರಿಲ್‌ನಲ್ಲಿ ಹುಟ್ಟಿದ ಮಗುವಿನ ತುಟಿಯೂ ಅಂಗುಳೂ 1979ರ ಮಳೆಗಾಲದಲ್ಲೇ ಆಗಿ ಮುಗಿದಿದ್ದವು. ಹಸು ಕೂಗಿ, ಅಜ್ಜಿ ಕುಡುಗೋಲು ಹಿಡಿದು ಹಿತ್ತಲಿಗೆ ಹೋದದ್ದು ಅದಾದ ಹತ್ತಿರ ಹತ್ತಿರ ಐದು ತಿಂಗಳ ಮೇಲೆ.

ಇದನ್ನು ಅಜ್ಜಿಗೆ ಹೇಳಲು ನನಗೆ ಭಾನುವಾರದವರೆಗೆ ಧೈರ್ಯ ಸಾಲಲಿಲ್ಲ. ಗ್ರಹಣದ ದಿನ ಮಧ್ಯಾಹ್ನ, ಅಕ್ಕ ಕೋಣೆಯೊಳಗೆ ಸೇರಿದ ಮೇಲೆ, ಜಗಲಿಯಲ್ಲಿ ಕುಳಿತು ತಿಂಗಳ ಲೆಕ್ಕವನ್ನು ಒಂದೊಂದಾಗಿ ಹೇಳಿದೆ. ಬಸುರಿನ ತಿಂಗಳ ಲೆಕ್ಕ ನನಗಿಂತ ಆಕೆಗೇ ಚೆನ್ನಾಗಿ ಗೊತ್ತು. ಪಂಚಾಂಗ ಬೇಕಿಲ್ಲ, ಬಳೆ ಬೇಕಿಲ್ಲ. ತಾನೇ ಬೆರಳು ಮಡಿಸಿ ಎರಡು ಸಲ ಎಣಿಸಿದಳು. “ಹಂಗಾರೆ ಗ್ರಾಣದಿಂದ ಆದ್ದಲ್ವಾ?” ಅಂದಳು. ಅಲ್ಲವೆಂದೆ. “ಮತ್ಯಾಕ್ಲಾ ಹಂಗಾಯ್ತು?”

ವೈದ್ಯರನ್ನು ನಾನು ಅದನ್ನೂ ಕೇಳಿದ್ದೆ. ವಂಶದಲ್ಲಿ ಬರುವುದುಂಟು, ಆಹಾರದ ಕೊರತೆಯೂ ಸೇರಬಹುದು, ಬಹಳ ಸಲ ಇದೇ ಎಂದು ಕಾರಣ ಸಿಕ್ಕುವುದಿಲ್ಲ ಎಂದಿದ್ದರು. ಅಷ್ಟನ್ನೇ ಹೇಳಿದೆ. ಕಾರಣ ಸಿಕ್ಕದ ಕಡೆ ಬರಿದಾಗಿ ಬಿಡುವುದು ಎಷ್ಟು ಕಷ್ಟವೆಂದು ಆಗ ಅಜ್ಜಿಯ ಮುಖ ನೋಡಿದವರಿಗೆ ತಿಳಿಯುತ್ತಿತ್ತು. ತಪ್ಪೊಂದು ತನ್ನದಾಗಿದ್ದಾಗ ಹಿಡಿದುಕೊಳ್ಳಲು ಏನೋ ಒಂದು ಇತ್ತು. ಬಹಳ ಹೊತ್ತು ಮಾತಾಡಲಿಲ್ಲ. ಆಮೇಲೆ ಎದ್ದು ಒಳಗೆ ಹೋದಳು.

ಸಂಜೆ ಐದಕ್ಕೆ ಅಕ್ಕನಿಗೆ ಊಟ ಹೋಯಿತು. ಬಾಲರು, ಮುದುಕರು, ರೋಗಿಗಳಿಗೆ ವಿನಾಯಿತಿಯಿದೆಯೆಂದು ಪಂಚಾಂಗದಲ್ಲೇ ಬರೆದಿರುವುದನ್ನು ಓದಿ ಹೇಳಿದ್ದು ನಾನಲ್ಲ, ಅಪ್ಪ. ರಾತ್ರಿ ಹತ್ತೂವರೆಗೆ, ಚಂದ್ರ ಅರ್ಧ ಕಚ್ಚಿದ ರೊಟ್ಟಿಯಂತಾಗಿದ್ದಾಗ, ಅಜ್ಜಿ ಒಂದು ಲೋಟ ರಾಗಿ ಗಂಜಿ ಕಾಯಿಸಿ, ಅದರ ಮೇಲೊಂದು ದರ್ಭೆಯ ಎಳೆಯಿಟ್ಟು ಕೋಣೆಗೆ ತೆಗೆದುಕೊಂಡು ಹೋದಳು. ದರ್ಭೆಯ ವಿಷಯದಲ್ಲಿ ನಾನು ವಾದ ಮಾಡಲಿಲ್ಲ. ಗಂಜಿಯಲ್ಲಿ ಬೆಲ್ಲವಿತ್ತು, ಅಕ್ಕ ಕುಡಿದಳು.

ಹನ್ನೊಂದಕ್ಕೆ ಚಂದ್ರ ಪೂರಾ ಮುಳುಗಿ ತಾಮ್ರದ ಬಣ್ಣಕ್ಕೆ ಬಂತು. ಭೂಮಿಯ ಸುತ್ತಿನ ಗಾಳಿ ಸೂರ್ಯನ ಕೆಂಪನ್ನಷ್ಟೇ ಬಾಗಿಸಿ ನೆರಳಿನೊಳಕ್ಕೆ ಬಿಡುವುದರಿಂದ ಹಾಗೆ ಕಾಣುತ್ತದೆ. ಭೂಮಿಯ ಮೇಲಿನ ಎಲ್ಲ ಮುಂಜಾನೆ ಸಂಜೆಗಳ ಕೆಂಪೂ ಒಟ್ಟಿಗೆ ಚಂದ್ರನ ಮೇಲೆ ಬಿದ್ದಂತೆ. ಮೋಡ ಬಂದು ಹೋಗುತ್ತಿತ್ತು. ನಮ್ಮ ಹಳ್ಳಿಯ ಆಕಾಶ ಇನ್ನೂ ಕಪ್ಪಾಗಿದೆ. ಇದೇ ಮಳವಳ್ಳಿ ತಾಲ್ಲೂಕಿನ ಶಿವನಸಮುದ್ರದಿಂದ 1902ರಲ್ಲಿ ಕೋಲಾರಕ್ಕೂ, 1905ರಲ್ಲಿ ಬೆಂಗಳೂರಿಗೂ ವಿದ್ಯುತ್ತು ಹೋಯಿತು. ಬೆಂಗಳೂರಿನವರ ನಕ್ಷತ್ರಗಳನ್ನು ನುಂಗಿದ ರಾಹು ನಮ್ಮ ಕಡೆಯವನೇ ಎಂದು ಹೆಮ್ಮೆಪಡಬಹುದು. ಮೋಡ ಸರಿದಾಗ ಚಂದ್ರನ ಸುತ್ತ, ಹುಣ್ಣಿಮೆಯ ರಾತ್ರಿ ಎಂದೂ ಕಾಣದ ಸಣ್ಣ ಸಣ್ಣ ನಕ್ಷತ್ರಗಳೂ ಕಂಡವು.

ಅಜ್ಜಿ ಬಾಗಿಲವರೆಗೆ ಬಂದು ನಿಂತಳು. ಗ್ರಹಣವನ್ನು ಕಣ್ಣಾರೆ ನೋಡಿದವಳಲ್ಲ. ಸೆರಗನ್ನು ತಲೆಯ ಮೇಲೆ ಎಳೆದುಕೊಂಡು ಹೊಸಿಲು ದಾಟಿ ಜಗಲಿಗೆ ಬಂದು, ನನ್ನ ಪಕ್ಕದಲ್ಲಿ ಕುಳಿತು ಮೇಲಕ್ಕೆ ನೋಡಿದಳು. ಹನ್ನೆರಡೂಕಾಲರ ಮೇಲೆ ಒಂದು ಅಂಚು ಬೆಳ್ಳಗಾಗುವ ತನಕ ಮಾತಿಲ್ಲದೆ ನೋಡಿದಳು.

“ಆ ಮಗೀನ ಕಣ್ಣು ನಿಮ್ಮಕ್ಕನ ಕಣ್ಣಂಗೇ ಇತ್ತು ಕಣ್ಲಾ” ಎಂದಳು. “ದೊಡ್ಡ ಕಣ್ಣು. ಎಲ್ಲಾನೂ ನೋಡೋದು.”